ಹುಳದ ಹೆಸರಲ್ಲೊಂದು ಮತ

ಕಳೆದ ತಿಂಗಳು ನಮ್ಮ ಸೊಸೈಟಿಯ ಮೀಟಿಂಗಿನಲ್ಲಿ ನಾನೊಂದು ಹೊಸ ಮತ ಹುಟ್ಟುಹಾಕಿದೆ. ಸಿಟ್ಟಿನಲ್ಲಿ. ಹಿಂದಿನ ಕಾಂಪೌಂಡಿಗೆ ಅಂಟಿಕೊಂಡ ಹುಲ್ಲಿನ ಜಾಗಕ್ಕೆ ಸಿಮೆಂಟ್ ಬ್ಲಾಕ್ ಹಾಸುವುದು, ದೊಡ್ಡ ದೀಪ ನಿಲ್ಲಿಸುವುದು, ವಾರಕ್ಕೆರಡು ಸಲ ಫಾಗಿಂಗ್ ಮಾಡಿಸುವುದು ಅಂತ ಪ್ರಸ್ತಾಪ ಬಂದಿತ್ತು. ಕಾರಣ, ರಾತ್ರಿಯಿಡೀ ಹುಳಗಳ ಗಲಾಟೆಯಂತೆ. ನಾನು ಎದ್ದು ನಿಂತು, ಆ ಹುಳಗಳ ದನಿಯೇ ನಮ್ಮ ಮನೆದೇವರು, ಅದನ್ನು ನಿಲ್ಲಿಸಿದರೆ ನನ್ನ ಧಾರ್ಮಿಕ ಭಾವನೆಗೆ ನೋವಾಗುತ್ತದೆ ಎಂದುಬಿಟ್ಟೆ. ಎಲ್ಲರೂ ನಕ್ಕರು. ಆಮೇಲೆ ಒಬ್ಬೊಬ್ಬರೇ ನಗು ನಿಲ್ಲಿಸಿದರು. ಪ್ರಸ್ತಾಪ ಮುಂದಿನ ಸಭೆಗೆ ಹೋಯಿತು. ಪುಣೆಗೆ ಬಂದು ಹದಿನೆಂಟು ವರ್ಷವಾಯಿತು. ಇಷ್ಟು ದಿನ ಎಕ್ಸೆಲ್ ಶೀಟು ತೋರಿಸಿ ಗೆಲ್ಲಲಾಗದ್ದನ್ನು ಒಂದು ಸುಳ್ಳು ದೇವರು ಎರಡೇ ನಿಮಿಷದಲ್ಲಿ ಗೆದ್ದುಕೊಟ್ಟಿತು.

ವಿಷಯ ನಮ್ಮ ಕನ್ನಡ ಗೆಳೆಯರ ಕಿವಿಗೂ ಬಿದ್ದು, ಎಂಟೆಕ್ ಓದಿದವನು ಮೂಢನಂಬಿಕೆ ಬಿತ್ತುತ್ತಿದ್ದಾನೆ ಎಂದು ಛೀಮಾರಿ ಹಾಕಿದ್ದಾರೆ. ಅವರಿಗೆ ಈ ಉತ್ತರ.

ನಾನು ಬಿತ್ತಿದ್ದಲ್ಲ ಸ್ವಾಮಿ, ಬೀಜ ಮೊದಲೇ ಇತ್ತು. ಕಟೀಲಿನ ಅಮ್ಮ ಅರುಣಾಸುರನನ್ನು ಕೊಂದದ್ದು ದುಂಬಿಯಾಗಿ. ಶ್ರೀಶೈಲದ ಭ್ರಮರಾಂಬೆಯ ಗುಡಿಯ ಹಿಂದಿನ ಗೋಡೆಯಲ್ಲೊಂದು ತೂತಿದೆ. ಅದಕ್ಕೆ ಕಿವಿಯಿಟ್ಟರೆ ದುಂಬಿಯ ಝೇಂಕಾರ ಕೇಳುತ್ತದೆ ಎಂದು ಭಕ್ತರು ಸಾಲುಗಟ್ಟುತ್ತಾರೆ. ಹಠಯೋಗ ಪ್ರದೀಪಿಕೆ ಎಣಿಸುವ ಒಳಗಿನ ನಾದಗಳಲ್ಲಿ ದುಂಬಿಯ ಸದ್ದು ಬರುವುದು ಕೊನೆಯ ಘಟ್ಟದಲ್ಲಿ, ಕೊಳಲು ವೀಣೆಗಳ ಪಂಕ್ತಿಯಲ್ಲಿ. ನಮ್ಮ ಕ್ಲಬ್‌ಹೌಸಿನಲ್ಲೇ ಪ್ರತಿ ಭಾನುವಾರ ಇಪ್ಪತ್ತು ಜನ ಕಿವಿ ಮುಚ್ಚಿಕೊಂಡು ಭ್ರಾಮರಿ ಪ್ರಾಣಾಯಾಮ ಮಾಡುತ್ತಾರೆ. ಗುಂಯ್ ಅಂತ ತಾವೇ ದುಂಬಿಯಾಗುವವರು, ಹೊರಗೆ ನಿಜವಾದ ಹುಳ ಕೂಗಿದರೆ ದೂರು ಬರೆಯುತ್ತಾರೆ. ರಾತ್ರಿ ನಿದ್ದೆ ಬರಲೆಂದು ಆ್ಯಪಿಗೆ ದುಡ್ಡು ಕೊಟ್ಟು 'ಮಳೆಕಾಡಿನ ಸದ್ದು' ಹಾಕಿಕೊಳ್ಳುವವರೂ ಇವರೇ. ಮೂಢನಂಬಿಕೆ ಯಾವುದು, ನೀವೇ ಹೇಳಿ.

ಊರಲ್ಲಿ ನಾವು ಎಲ್ಲಕ್ಕೂ ಜೀರುಂಡೆ ಅನ್ನುತ್ತಿದ್ದೆವು. ಪುಸ್ತಕ ನೋಡಿದ ಮೇಲೆ ತಿಳಿಯಿತು, ಹಗಲು ಮರದ ಮೇಲೆ ಕಿರುಚುವುದು ಸಿಕಾಡ, ಹೊಟ್ಟೆಯ ಪಕ್ಕದ ಪೊರೆಗಳನ್ನು ಒಳಕ್ಕೆಳೆದು ಬಿಟ್ಟು ಸದ್ದು ಮಾಡುತ್ತದೆ; ರಾತ್ರಿ ಹುಲ್ಲಿನಲ್ಲಿ ರೆಕ್ಕೆಗೆ ರೆಕ್ಕೆ ಉಜ್ಜಿ ಕೂಗುವುದು ಕ್ರಿಕೆಟ್ ಹುಳ. (ಆ ಹೆಸರಿನ ಇನ್ನೊಂದು ಧರ್ಮ ನಮ್ಮ ದೇಶದಲ್ಲಿ ಆಗಲೇ ಇದೆ, ಅದಕ್ಕೆ ಯಾರ ತಕರಾರೂ ಇಲ್ಲ.) ಎರಡರಲ್ಲೂ ಹೀಗೆ ಗಂಟಲು ಹರಿದುಕೊಳ್ಳುವುದು ಗಂಡು. ತೀರ್ಪು ಹೆಣ್ಣಿನದು.

ಈಗ ನನ್ನ ಸಂಕಟ ಹೇಳುತ್ತೇನೆ. ಅಮ್ಮ ತೀರ್ಥಹಳ್ಳಿ ಕಡೆಯ ನಮ್ಮ ಮನೆಯಲ್ಲಿ ಒಬ್ಬಳೇ ಇದ್ದಾಳೆ. ಹಳೆಯ ಲ್ಯಾಂಡ್‌ಲೈನಿನ ಕಾಲದಿಂದಲೂ ರಾತ್ರಿ ಎಂಟಕ್ಕೆ ಮಾತಾಡುತ್ತೇವೆ. ಆಗ ಆ ತಂತಿಯಲ್ಲಿ ದಾಟುತ್ತಿದ್ದದ್ದು 300ರಿಂದ 3400 ಹರ್ಟ್ಜ್‌ವರೆಗಿನ ಸದ್ದು ಮಾತ್ರ. ಹೊಲದ ಕ್ರಿಕೆಟ್ ಹುಳ ಕೂಗುವುದು 4000-5000ದ ಆಸುಪಾಸಿನಲ್ಲಿ. ಅಂದರೆ ಅಮ್ಮನ ದನಿ ಬರುತ್ತಿತ್ತು, ಅಂಗಳ ಬರುತ್ತಿರಲಿಲ್ಲ. ಈಗ ವಿಡಿಯೋ ಕಾಲ್ ಇದೆ, ಅಷ್ಟೂ ಸದ್ದನ್ನು ಹೊರುವ ತಾಕತ್ತಿದೆ. ಆದರೆ ಒಂದೇ ಸಮನೆ ಬರುವ ಸದ್ದನ್ನೆಲ್ಲ ಕಸವೆಂದು ಗುರುತಿಸಿ ಒರೆಸುವ ಸಾಫ್ಟ್‌ವೇರ್ ನಡುವೆ ಕೂತಿದೆ. ಅದೇ ಬಗೆಯ ಕೆಲಸವನ್ನು ನನ್ನ ತಂಡವೂ ಒಮ್ಮೆ ಮಾಡಿತ್ತು. ಫ್ಯಾನು, ಏಸಿ, ಟ್ರಾಫಿಕ್ಕು ಎಲ್ಲ ಅಳಿಸಿ ಗ್ರಾಹಕರಿಂದ ಶಭಾಸ್ ಅನ್ನಿಸಿಕೊಂಡಿದ್ದೆವು. "ಇಲ್ಲಿ ಹುಳ ಹೆಂಗೆ ಕೂಗ್ತಿದಾವೆ ಕೇಳು" ಅಂತ ಅಮ್ಮ ಫೋನು ಕಿಟಕಿಯ ಹೊರಗೆ ಹಿಡಿದರೆ, ನನಗೆ ಈ ಕಡೆ ಶುದ್ಧ ಮೌನ. ಕೇಳ್ತಿದೆ ಅಮ್ಮ ಅನ್ನುತ್ತೇನೆ. ಈ ಊರಲ್ಲಿ ನನಗೆ ಆ ಸದ್ದು ಉಳಿದಿರುವುದು ಹಿಂದಿನ ಕಾಂಪೌಂಡಿನ ಹುಲ್ಲಿನಲ್ಲಿ ಮಾತ್ರ. ವಯಸ್ಸಾದಂತೆ ಕಿವಿ ಮೊದಲು ಕಳೆದುಕೊಳ್ಳುವುದೂ ಇಂಥ ತಾರಕದ ದನಿಗಳನ್ನೇ. ನನಗೀಗ ನಲವತ್ತಾರು.

ಡೆಂಗಿ ಬಂದರೆ ನಿನ್ನ ದೇವರು ಬರುತ್ತಾನಾ ಎಂದು ಕೇಳಿದವರಿದ್ದಾರೆ. ನ್ಯಾಯವಾದ ಪ್ರಶ್ನೆ. ಎರಡು ವರ್ಷದ ಹಿಂದೆ ನನ್ನ ಮಗಳಿಗೇ ಡೆಂಗಿ ಬಂದಿತ್ತು. ಆರು ದಿನ ಪ್ಲೇಟ್‌ಲೆಟ್ ಲೆಕ್ಕ ಹಾಕುತ್ತ ಆಸ್ಪತ್ರೆಯ ಕಾರಿಡಾರಿನಲ್ಲಿ ಕೂತಿದ್ದೆ. ಹೊರಬಂದವನೇ ಫಾಗಿಂಗ್ ಅರ್ಜಿಗೆ ಮೊದಲ ಸಹಿ ಹಾಕಿದೆ. ಆಮೇಲೆ ಮರಿಗಳು ಸಿಕ್ಕಿದ್ದು ಎಲ್ಲಿ? ನಮ್ಮದೇ ಬಾಲ್ಕನಿಯಲ್ಲಿ, ಮನಿಪ್ಲಾಂಟ್ ಇಟ್ಟಿದ್ದ ಗಾಜಿನ ಬಾಟಲಿಯಲ್ಲಿ. ಡೆಂಗಿಯ ಸೊಳ್ಳೆ ನಿಂತ ತಿಳಿನೀರಿನದು, ಹಗಲು ಕಚ್ಚುವಂಥದ್ದು. ಹೊಗೆ ತಾಗಿದ ಹಾರುವ ಸೊಳ್ಳೆ ಸಾಯಬಹುದು, ಬಾಟಲಿಯೊಳಗಿನ ಮರಿಗೆ ಏನೂ ಆಗುವುದಿಲ್ಲ. ಹುಲ್ಲಿನ ಹುಳ ಮಾತ್ರ ಪುಕ್ಕಟೆ ಸಾಯುತ್ತದೆ. ವಾರಕ್ಕೊಮ್ಮೆ ಮನೆಯ ಪಾತ್ರೆ ಬಾಟಲಿ ಬಗ್ಗಿಸಿ ಎಂದರೆ ಯಾರಿಗೂ ಬೇಡ, ಯಾಕೆಂದರೆ ಅದರಲ್ಲಿ ಹೊಗೆ ಕಾಣುವುದಿಲ್ಲ.

ಹಾಗಾದರೆ ವಿಜ್ಞಾನವನ್ನೇ ಹೇಳು, ದೇವರು ಯಾಕೆ ಅನ್ನುತ್ತೀರಿ. ಹೇಳಿದ್ದೇನೆ, ಹನ್ನೊಂದು ಸ್ಲೈಡುಗಳಲ್ಲಿ. ಒಬ್ಬರು ಮಧ್ಯದಲ್ಲೇ ಎದ್ದು ಚಹಾ ತರಲು ಹೋದರು. ಶೃಂಗೇರಿಯ ಮೀನು ಉಳಿದದ್ದು ಸ್ಲೈಡಿನಿಂದಲ್ಲ, ದೇವರ ಮೀನು ಎಂಬ ಹೆಸರಿನಿಂದ. ಕೊಡಗಿನ ದೇವರಕಾಡುಗಳ ಕತೆಯೂ ಅದೇ.

ಆದರೆ ನನ್ನ ಮತದ ಮೇಲೆ ನನಗೇ ಪೂರ್ತಿ ನಂಬಿಕೆಯಿಲ್ಲ. ಅದಕ್ಕೆ ಬೇಕಾದದ್ದು ಒಂದಿಷ್ಟು ಹುಲ್ಲು, ಒಂದಿಷ್ಟು ಕತ್ತಲೆ, ನಮ್ಮ ಬಾಯಿ ಮುಚ್ಚಿದ್ದರೆ ಇನ್ನೂ ಒಳ್ಳೆಯದು. ನಮ್ಮಲ್ಲಿ ಯಾವ ಮತಕ್ಕೂ ಈ ಮೂರು ಒಗ್ಗಿ ಬಂದದ್ದು ನಾನಂತೂ ನೋಡಿಲ್ಲ.

ಸಭೆ ಮುಗಿದ ರಾತ್ರಿ ನಾನು ಒಂದು ಕೆಲಸ ಮಾಡಿದೆ, ಹೆಂಡತಿಗೂ ಹೇಳಿಲ್ಲ. ಆ ಹುಲ್ಲಿನ ಅಂಚಿನಲ್ಲಿ ಒಂದು ಕಲ್ಲು ನಿಲ್ಲಿಸಿ ಕುಂಕುಮ ಹಚ್ಚಿ ಬಂದೆ. ಮೂರನೇ ದಿನ ಯಾರೋ ದಾಸವಾಳ ಇಟ್ಟಿದ್ದರು. ಮಾಲಿಯ ಹುಲ್ಲು ಕತ್ತರಿಸುವ ಮೆಷಿನ್ನು ಈಗ ಸುತ್ತು ಬಳಸಿ ಹೋಗುತ್ತದೆ. ಹತ್ತನೇ ದಿನಕ್ಕೆ ತೆಂಗಿನಕಾಯಿ ಬಂತು. ಸಿಮೆಂಟಿನ ಮಾತು ಯಾರೂ ಎತ್ತುತ್ತಿಲ್ಲ.

ನಿನ್ನೆ ನೋಡಿದರೆ ಕಲ್ಲಿನ ಮೇಲೊಂದು ತಗಡಿನ ಚಪ್ಪರ, ಅದಕ್ಕೆ ಬಣ್ಣಬಣ್ಣದ ಎಲ್‌ಇಡಿ ಸರ, ರಾತ್ರಿಯಿಡೀ ಉರಿಯುವಂಥದ್ದು. ಸ್ವಿಚ್ಚು ಸೆಕ್ಯುರಿಟಿಯವನ ಕೋಣೆಯಲ್ಲಿದೆ. ಆರಿಸಪ್ಪ ಎಂದು ಕೇಳಿದೆ. ದೇವರ ದೀಪ ಸಾಹೇಬ್ರೇ, ಹೇಗೆ ಆರಿಸಲಿ ಅಂದ.