ವೇಷ ಕಣಜದ್ದು, ಜೀವ ನೊಣದ್ದು

ಪುಣೆಯದ್ದೋ ಹೈದರಾಬಾದಿನದ್ದೋ ಒಂದು ಅಪಾರ್ಟ್‌ಮೆಂಟ್ ಎಂದುಕೊಳ್ಳಿ. ಜನವರಿಯ ಬೆಳಗು. ಬಾಲ್ಕನಿಯ ಕುಂಡದಲ್ಲಿ ಕೊತ್ತಂಬರಿ ಹೂಬಿಟ್ಟಿದೆ. ಹಳದಿ-ಕಪ್ಪು ಪಟ್ಟೆಯ ಹುಳುವೊಂದು ಗಾಳಿಯಲ್ಲಿ ಅಲ್ಲಾಡದೆ ನಿಂತು, ತಟ್ಟನೆ ಪಕ್ಕಕ್ಕೆ ಸರಿದು, ಮತ್ತೆ ನಿಲ್ಲುತ್ತದೆ. ‘ಕಣಜ ಬಂತು, ಮಗೂನ ಒಳಗೆ ಕರ್ಕೊಳ್ಳಿ’ ಎಂಬ ಕೂಗು. ಅದರ ಹಿಂದೆಯೇ ಸ್ಪ್ರೇ ಡಬ್ಬಿ. ಅರ್ಧ ನಿಮಿಷದಲ್ಲಿ ಹುಳು ನೆಲಕ್ಕೆ.

ಸತ್ತದ್ದು ಕಣಜವಲ್ಲ, ನೊಣ. ಹೋವರ್‌ಫ್ಲೈ ಎಂಬ ಗುಂಪಿನದು. ಅದಕ್ಕೆ ಕುಟುಕಲು ಕೊಂಡಿಯೇ ಇಲ್ಲ. ಹುಲಿವೇಷದವನನ್ನು ಹುಲಿಯೆಂದು ತಿಳಿದು ಯಾರೂ ಕೋವಿ ಎತ್ತುವುದಿಲ್ಲ. ಈ ನೊಣಕ್ಕೆ ಮಾತ್ರ ಆ ರಿಯಾಯಿತಿ ಸಿಕ್ಕಿಲ್ಲ.

ವೇಷದ ಗುಟ್ಟು ಹಳೆಯದು. 1848ರಿಂದ 1859ರವರೆಗೆ ಅಮೆಜಾನ್ ಕಾಡುಗಳಲ್ಲಿ ಅಲೆದ ಇಂಗ್ಲೆಂಡಿನ ಹೆನ್ರಿ ವಾಲ್ಟರ್ ಬೇಟ್ಸ್, ಅಲ್ಲಿನ ಚಿಟ್ಟೆಗಳನ್ನು ನೋಡಿ 1862ರಲ್ಲಿ ಇದನ್ನು ವಿವರಿಸಿದ. ತಿನ್ನಲು ರುಚಿಸದ ಜಾತಿಯ ಬಣ್ಣವನ್ನೇ ನಿರುಪದ್ರವಿ ಜಾತಿಯೊಂದು ತೊಟ್ಟರೆ ಹಕ್ಕಿಗಳು ಅದನ್ನೂ ಬಿಟ್ಟುಬಿಡುತ್ತವೆ. ಒಮ್ಮೆ ಕಣಜಕ್ಕೆ ಬಾಯಿ ಹಾಕಿ ಕುಟುಕಿಸಿಕೊಂಡ ಹಕ್ಕಿಗೆ ಆಮೇಲೆ ಹಳದಿ-ಕಪ್ಪು ಪಟ್ಟೆ ಕಂಡರೇ ಸಾಕು. ಅಂದರೆ ನೊಣ ಬದುಕುತ್ತಿರುವುದು ಕಣಜದ ಖ್ಯಾತಿಯ ನೆರಳಲ್ಲಿ. ಅಸಲಿ ಜೇನು, ಕಣಜಗಳು ಕಡಿಮೆಯಾದರೆ ಹಕ್ಕಿಗಳಿಗೆ ಪಾಠ ಕಲಿಸುವವರೇ ಇರುವುದಿಲ್ಲ, ವೇಷವೂ ಸವಕಲಾಗುತ್ತದೆ.

ನೊಣವೊಂದೇ ಅಲ್ಲ, ಪತಂಗಗಳೂ ಈ ಆಟ ಆಡುತ್ತವೆ. ಗಂಧರಾಜ ಹೂವಿನ ಗಿಡ ಕಾಫಿಯ ಕುಟುಂಬಕ್ಕೇ ಸೇರಿದ್ದು. ಎರಡರ ಎಲೆಯನ್ನೂ ತಿಂದು ಬೆಳೆಯುವ ಒಂದು ಪತಂಗದ ಹೆಸರು ಸೆಫೊನೋಡಿಸ್ ಹೈಲಾಸ್. ಕೋಶದಿಂದ ಹೊರಬಂದಾಗ ಅದರ ರೆಕ್ಕೆಯ ಮೇಲೆ ಪುಡಿಯಂಥ ಹುರುಪೆ ಇರುತ್ತದೆ. ಮೊದಲ ಹಾರಾಟದಲ್ಲೇ ಅದು ಉದುರಿಹೋಗಿ ರೆಕ್ಕೆ ಗಾಜಿನಂತಾಗುತ್ತದೆ. ಹಗಲಲ್ಲೇ ಗುಂಯ್‌ಗುಡುತ್ತ ಹೂವಿನ ಮುಂದೆ ನಿಂತಾಗ ದೊಡ್ಡ ದುಂಬಿಯೊಂದು ಬಂದಂತೆ ತೋರುತ್ತದೆ. ಇದೂ ಕುಟುಕುವುದಿಲ್ಲ.

ಹಕ್ಕಿಯಿಂದ ಕಾಪಾಡುವ ಅದೇ ಪಟ್ಟೆ ಮನುಷ್ಯನ ಕೈಯಲ್ಲಿ ಸಾವು ತರುತ್ತದೆ. ಹೆದರಿದ ಹಕ್ಕಿ ದೂರ ಸರಿಯುತ್ತದೆ. ಹೆದರಿದ ಮನುಷ್ಯ ಕೊಲ್ಲುತ್ತಾನೆ. ನಷ್ಟವಾಗುವುದು ಅವನ ಕುಂಡಕ್ಕೇ. ಹಲವು ಜಾತಿಯ ಹೋವರ್‌ಫ್ಲೈಗಳು ಸಸ್ಯಹೇನು ಮುತ್ತಿದ ಚಿಗುರಿನ ಮೇಲೆ ಹುಡುಕಿ ಮೊಟ್ಟೆ ಇಡುತ್ತವೆ. ಮರಿಹುಳು ದೊಡ್ಡದಾಗುವುದರೊಳಗೆ ನೂರಾರು ಹೇನುಗಳನ್ನು ಹೀರಿ ಮುಗಿಸುತ್ತದೆ. ಸ್ಪ್ರೇ ಹೊಡೆದರೆ ಎರಡೂ ಸಾಯುತ್ತವೆ, ನಿಜ. ಆದರೆ ಅಳಿದುಳಿದ ಹೇನುಗಳು ಗಂಡಿನ ನೆರವಿಲ್ಲದೆಯೇ ಮರಿ ಹಾಕಿ ಕೆಲವೇ ದಿನಗಳಲ್ಲಿ ಮತ್ತೆ ಚಿಗುರು ತುಂಬುತ್ತವೆ. ಅವನ್ನು ತಿನ್ನಬೇಕಾದ ನೊಣ ಅಷ್ಟು ಬೇಗ ಮರಳುವುದಿಲ್ಲ. ಮತ್ತೆ ಸ್ಪ್ರೇ. ಜೊತೆಗೆ, ಪರಾಗಸ್ಪರ್ಶದಲ್ಲಿ ಜೇನುಗಳ ನಂತರದ ದೊಡ್ಡ ಪಾಲು ನೊಣಗಳದ್ದೇ. ‘ಜೇನು ಉಳಿಸಿ’ ಎನ್ನುವ ಪೋಸ್ಟರುಗಳಲ್ಲಿ ಅವುಗಳ ಹೆಸರಿರುವುದಿಲ್ಲ.

ಹಾಗೆಂದು ಭಯವೆಲ್ಲ ಸುಳ್ಳೇನಲ್ಲ. ಕಟ್ಟಡದ ಅಂಚಿನಲ್ಲಿ ತೂಗುವ ಹೆಜ್ಜೇನು ಕೆರಳಿದರೆ ಪ್ರಾಣಕ್ಕೇ ಅಪಾಯ. ಅಲರ್ಜಿ ಇರುವವರಿಗೆ ಒಂದೇ ಕುಟುಕು ಸಾಕು. ಗೂಡಿದ್ದರೆ ಬಲ್ಲವರನ್ನು ಕರೆಯುವುದೇ ಸರಿ. ಆದರೆ ಗೂಡಿನ ಮೇಲಿನ ಭಯವನ್ನು ಹೂವಿನ ಮೇಲೆ ಒಂಟಿಯಾಗಿ ಕೂತ ಹುಳುವಿನ ಮೇಲೆ ತೀರಿಸಿಕೊಳ್ಳುವುದಕ್ಕೆ ಅರ್ಥವಿಲ್ಲ. ಅಸಲಿ ಜೇನೇ ಆಗಿದ್ದರೂ ಹೂವಿನ ಮೇಲಿರುವಾಗ ತಂಟೆಗೆ ಹೋಗದಿದ್ದರೆ ಅದು ಸಾಮಾನ್ಯವಾಗಿ ಕುಟುಕುವುದಿಲ್ಲ.

ಗುರುತಿಸುವುದೂ ಕಷ್ಟವಲ್ಲ. ಜೇನು, ಕಣಜಗಳಿಗೆ ನಾಲ್ಕು ರೆಕ್ಕೆ, ನೊಣಕ್ಕೆ ಎರಡೇ. ಕಣಜದ ಮೀಸೆ ಉದ್ದ, ಸೊಂಟ ಸಣ್ಣ. ನೊಣದ ಮೀಸೆ ಕಂಡೂ ಕಾಣದಷ್ಟು ಮೋಟು. ತಲೆಯ ತುಂಬ ಕಣ್ಣು. ಎಣಿಸಲು, ನೋಡಲು ಒಂದು ನಿಮಿಷ ಬೇಕು. ಅಪಾರ್ಟ್‌ಮೆಂಟ್ ಮಕ್ಕಳಿಗೆ ‘ಓಡು’ ಎಂದು ಹೇಳಿಕೊಡುವ ಬದಲು ಎರಡು ಹೆಜ್ಜೆ ದೂರ ನಿಂತು ‘ರೆಕ್ಕೆ ಎಷ್ಟಿದೆ ನೋಡು’ ಎಂದು ಹೇಳಿಕೊಟ್ಟರೆ, ಮುಂದಿನ ಜನವರಿಯಲ್ಲಿ ಕೊತ್ತಂಬರಿ ಹೂವಿನ ಮುಂದೆ ಆ ನೊಣ ನಿಂತೇ ಇರುತ್ತದೆ.