'ಆದ್ಮೇಲೆ ಬಾ' ಅನ್ನುವವರಿಗೆ



ನಮ್ಮ ಹಾಸ್ಟೆಲ್ಲಿನ ಹುಡುಗನೊಬ್ಬ ಊರಿಗೆ ಹೋಗಿ ಬಂದವನು ಮೂರು ದಿನ ಯಾರ ಹತ್ತಿರವೂ ಮಾತಾಡಲಿಲ್ಲ. ಅವನ ಅಣ್ಣ ದೌರ್ಜನ್ಯದ ಕೇಸೊಂದರಲ್ಲಿ ಸಾಕ್ಷಿ. 'ಕೋರ್ಟಲ್ಲಿ ಬಾಯಿ ಬಿಟ್ಟರೆ ನೀನು ಇರಲ್ಲ' ಅಂತ ಊರಿನವರು ಹೇಳಿ ಕಳಿಸಿದ್ದಾರೆ. ಸ್ಟೇಷನ್ನಿಗೆ ಹೋದರೆ ರೈಟರ್ ಕೇಳಿದ್ದು ಇಷ್ಟೆ: 'ಏನಾದ್ರೂ ಆಗೈತಾ? ಇಲ್ವಲ್ಲ. ಆದ್ಮೇಲೆ ಬಾ.'

ಆದಮೇಲೆ ಯಾರು ಬರಬೇಕು? ಹೆಣ ಎದ್ದು ಬಂದು ಕಂಪ್ಲೇಂಟು ಬರೆಸಬೇಕಾ?

2000ನೇ ಇಸವಿ ಮಾರ್ಚ್ 11ರಂದು ಅಂದಿನ ಕೋಲಾರ ಜಿಲ್ಲೆಯ ಕಂಬಾಲಪಲ್ಲಿಯಲ್ಲಿ ನಮ್ಮವರಾದ ಏಳು ಜನರನ್ನು ಜೀವಂತ ಸುಟ್ಟರು. ವಿಚಾರಣೆಯಲ್ಲಿ ಸಾಕ್ಷಿಗಳು ತಿರುಗಿಬಿದ್ದರು. 2006ರಲ್ಲಿ ಆರೋಪಿಗಳು ಖುಲಾಸೆಯಾದರು. 2014ರಲ್ಲಿ ಹೈಕೋರ್ಟೂ ಅದನ್ನೇ ಎತ್ತಿಹಿಡಿಯಿತು. ಕೋರ್ಟಿನ ಭಾಷೆಯಲ್ಲಿ ಇದರ ಹೆಸರು ಪ್ರತಿಕೂಲ ಸಾಕ್ಷಿ. ನಮ್ಮ ಕೇರಿಯ ಭಾಷೆಯಲ್ಲಿ ಇದರ ಹೆಸರು ಭಯ. ಏಳು ಜನ ಸುಟ್ಟುಹೋದದ್ದು ನಿಜ, ಸುಟ್ಟವರು ಮಾತ್ರ ಯಾರೂ ಇಲ್ಲ!

ನಮ್ಮಲ್ಲೇ ಕೆಲವು ಗೆಳೆಯರು ಕೇಳುತ್ತಾರೆ: 'ಪೊಲೀಸರ ಹತ್ರ ಕಾವಲು ಕೇಳೋದು ಕುರಿ ಹೋಗಿ ತೋಳನ್ನ ಕಾವಲು ಕೇಳಿದಂಗಲ್ವಾ?' ಈ ಸಿಟ್ಟು ನಮ್ಮದೂ ಹೌದು. ಆದರೆ ಸಿಟ್ಟು ಅಲ್ಲಿಗೇ ನಿಂತರೆ ಲಾಭ ಯಾರಿಗೆ? 'ಆದ್ಮೇಲೆ ಬಾ' ಅಂದವನಿಗೆ. ನಾವು ಕೇಳುವುದು ಪೊಲೀಸರ ಕರುಣೆಯನ್ನಲ್ಲ. ಅವರ ತಲೆಯ ಮೇಲೆ ಕೋರ್ಟಿನ ಆದೇಶ ಕೂರಿಸುವುದನ್ನು. ಹಕ್ಕು ಕಸಿದಾಗ ನೇರ ಸುಪ್ರೀಂ ಕೋರ್ಟಿಗೆ ಹೋಗಲು ದಾರಿ ಮಾಡಿದ 32ನೇ ವಿಧಿಯನ್ನು ಬಾಬಾಸಾಹೇಬರು ಸಂವಿಧಾನದ ಆತ್ಮವೆಂದೂ ಹೃದಯವೆಂದೂ ಕರೆದರು. ಅದೇ ಬಗೆಯ ಬಾಗಿಲು 226ನೇ ವಿಧಿಯಲ್ಲಿ ಹೈಕೋರ್ಟಿನಲ್ಲೂ ಇದೆ. ಬೆಂಗಳೂರು, ಧಾರವಾಡ, ಕಲಬುರಗಿ ಮೂರು ಕಡೆಯೂ. 21ನೇ ವಿಧಿಯಲ್ಲಿರುವ ಜೀವದ ಹಕ್ಕು ಸತ್ತಮೇಲೆ ಸಿಗುವ ಪರಿಹಾರವಲ್ಲ.

ದೌರ್ಜನ್ಯ ತಡೆ ಕಾಯಿದೆ 1989ರದು. 2015ರ ತಿದ್ದುಪಡಿ ಅದಕ್ಕೆ 15ಎ ಕಲಮನ್ನು ಸೇರಿಸಿತು. ನೊಂದವರು, ಅವರ ಅವಲಂಬಿತರು, ಸಾಕ್ಷಿಗಳು, ಇವರೆಲ್ಲರ ರಕ್ಷಣೆ ಸರ್ಕಾರದ ಕರ್ತವ್ಯ ಅಂತ ಅದು ಹೇಳುತ್ತದೆ. ಬೆದರಿಕೆಯ ದೂರು ಬಂದರೆ ವಿಶೇಷ ನ್ಯಾಯಾಲಯ ಅವತ್ತೇ ಆದೇಶ ಕೊಡಬಹುದು. 2018ರಲ್ಲಿ ಸುಪ್ರೀಂ ಕೋರ್ಟು ಸಾಕ್ಷಿ ರಕ್ಷಣಾ ಯೋಜನೆಯನ್ನು ದೇಶಕ್ಕೆಲ್ಲ ಕಾನೂನು ಮಾಡಿತು. ಜಿಲ್ಲಾ ನ್ಯಾಯಾಧೀಶರ ಸಮಿತಿಗೆ ಅರ್ಜಿ ಕೊಟ್ಟರೆ, ಅಪಾಯ ಎಷ್ಟಿದೆ ಅಂತ ಪೊಲೀಸರು ಐದು ಕೆಲಸದ ದಿನದೊಳಗೆ ವರದಿ ಕೊಡಬೇಕು. ಜಾತಿ ಮೀರಿ ಮದುವೆಯಾದ ಜೋಡಿಗಳಿಗೆ ತೊಂದರೆ ಕೊಡದಂತೆ ನೋಡಿಕೊಳ್ಳಿ ಅಂತ 2006ರಲ್ಲೇ ಸುಪ್ರೀಂ ಕೋರ್ಟು ಪೊಲೀಸರಿಗೆ ಹೇಳಿದೆ.

ಇದನ್ನೆಲ್ಲ ಕೇರಿಗೆ ಮುಟ್ಟಿಸುವವರು ಯಾರು? ನಾಲ್ಕಕ್ಷರ ಕಲಿತ ನಾವೇ. ಬೆದರಿಕೆಯನ್ನು ತಾರೀಖು, ಜಾಗ, ಆಡಿದ ಮಾತು ಸಮೇತ ಬರೆಯೋಣ. ಸ್ಟೇಷನ್ನಲ್ಲಿ ಕೊಟ್ಟು ಹಿಂಬರಹ ಕೇಳೋಣ. ಕೊಡದಿದ್ದರೆ ಎಸ್‌ಪಿಗೆ ಸ್ಪೀಡ್ ಪೋಸ್ಟ್ ಮಾಡಿ ರಸೀದಿ ಇಟ್ಟುಕೊಳ್ಳೋಣ. ನಾಳೆ ಹೈಕೋರ್ಟಿನಲ್ಲಿ 'ನಮಗೆ ಗೊತ್ತೇ ಇರಲಿಲ್ಲ ಸ್ವಾಮಿ' ಅನ್ನುವ ಬಾಯಿಗೆ ಆ ರಸೀದಿಯೇ ಬೀಗ. ವಕೀಲರಿಗೆ ದುಡ್ಡಿಲ್ಲ ಅಂತ ಕೂರಬೇಕಾಗಿಲ್ಲ. 1987ರ ಕಾನೂನು ಸೇವಾ ಪ್ರಾಧಿಕಾರ ಕಾಯಿದೆಯ ಪ್ರಕಾರ ಪರಿಶಿಷ್ಟರಿಗೆ ಆದಾಯ ಎಷ್ಟಿದ್ದರೂ ವಕೀಲರು ಪುಕ್ಕಟೆ. ತಾಲ್ಲೂಕು ಕೋರ್ಟಿನಲ್ಲೇ ಅದರ ಸಮಿತಿ ಇದೆ.

ಇಷ್ಟರಿಂದಲೇ ಎಲ್ಲ ಸರಿಹೋಗುತ್ತದೆ ಅಂತ ನಾವು ನಂಬಿಲ್ಲ. ಆ ಯೋಜನೆಯ ಕಾವಲು ಒಂದು ಸಲಕ್ಕೆ ಮೂರು ತಿಂಗಳು. ಕಾಯಲು ಬಂದ ಪೇದೆ ಬೆದರಿಸಿದವನ ಜಗಲಿಯಲ್ಲೇ ಕಾಫಿ ಕುಡಿಯಬಹುದು. ಆತ ಹೋದಮೇಲೂ ಊರು ಅಲ್ಲೇ ಇರುತ್ತದೆ, ಬಾವಿ ಅಲ್ಲೇ ಇರುತ್ತದೆ, ಕೂಲಿ ಕೊಡುವ ಹೊಲವೂ ಅವರದೇ. ಆದ್ದರಿಂದ ಆದೇಶದ ಜೊತೆ ಜನವೂ ಬೇಕು. ಸಾಕ್ಷಿ ಹೇಳುವ ದಿನ ಕೋರ್ಟಿನ ಅಂಗಳದಲ್ಲಿ ನಮ್ಮ ಹಾಸ್ಟೆಲ್ಲಿನ ಐವತ್ತು ಹುಡುಗರು ಸುಮ್ಮನೆ ನಿಂತಿದ್ದರೂ ಸಾಕು, ಕಟಕಟೆ ಹತ್ತಿದವನ ಕಾಲು ನಡುಗುವುದಿಲ್ಲ.

ಆ ಅಣ್ಣನ ಅರ್ಜಿಯನ್ನು ಮೊನ್ನೆ ರಾತ್ರಿ ನಮ್ಮ ಮೆಸ್ಸಿನ ಬೆಂಚಿನ ಮೇಲೆ ಕೂತು ಬರೆದೆವು. ಅಪ್ಪನ ಹೆಬ್ಬೆಟ್ಟಿದ್ದ ಜಾಗದಲ್ಲಿ ಮಗ ರುಜು ಹಾಕಿದ. ವಿಚಾರಣೆಯ ತಾರೀಖು ನೋಟಿಸ್ ಬೋರ್ಡಿನಲ್ಲಿ ಹಾಕುತ್ತೇವೆ.

ಬನ್ನಿ. ಆದಮೇಲೆ ಅಲ್ಲ, ಆಗುವ ಮುಂಚೆ ಬನ್ನಿ.