ದುಭಾಷಿ ರೊಡ್ರಿಗಸ್ ಗುರುಗಳ ಗ್ರಂಥಗಳು

ಡಿಸೆಂಬರ್ 3ರಂದು ಸಂತ ಫ್ರಾನ್ಸಿಸ್ ಕ್ಸೇವಿಯರರ ಹಬ್ಬವನ್ನು ನಾವು ಭಕ್ತಿಯಿಂದ ಆಚರಿಸುತ್ತೇವೆ. 1549ರಲ್ಲಿ ಅವರು ಜಪಾನಿನ ಕಾಗೊಷಿಮಾದಲ್ಲಿ ಇಳಿದ ಸಂಗತಿಯನ್ನು ಪ್ರಬೋಧನೆಗಳಲ್ಲಿ ಕೇಳಿದ್ದೇವೆ. ಆದರೆ ಅಲ್ಲಿ ಭಾಷೆಯಿಂದ ಅವರಿಗೊದಗಿದ ತೊಡಕನ್ನು ಹೇಳುವವರು ವಿರಳ. ದೇವರನ್ನು ಹೆಸರಿಸಲು ಅವರು ಮೊದಲು ಬಳಸಿದ ಪದ 'ದೈನಿಚಿ'. ಅದಾದರೋ ಶಿಂಗೊನ್ ಪಂಥದ ಬೌದ್ಧರು ಆರಾಧಿಸುವ ಬುದ್ಧನ ಹೆಸರು! ಬಂದವರು ತಮ್ಮ ಮತದವರೇ ಎಂದು ಬೌದ್ಧ ಸನ್ಯಾಸಿಗಳು ಭಾವಿಸಿದರು. ತಪ್ಪು ತಿಳಿದೊಡನೆ ಸಂತರು ಆ ಪದವನ್ನು ಕೈಬಿಟ್ಟು ಲ್ಯಾಟಿನ್ನಿನ 'ದೇವುಸ್' ಎಂಬುದನ್ನೇ ಉಳಿಸಿಕೊಂಡರು.

ಒಂದೇ ಒಂದು ಪದದ ಅಜ್ಞಾನ ಇಷ್ಟು ಅನರ್ಥಕ್ಕೆ ಎಡೆಮಾಡಿತೆಂಬುದನ್ನು ನೆನೆದಾಗ, ಯೇಸುಸಭೆಯ ಜುವಾಂವ್ ರೊಡ್ರಿಗಸ್ ಗುರುಗಳ ದುಡಿಮೆಯ ಬೆಲೆ ನಮಗೆ ತಿಳಿಯುತ್ತದೆ. ಪೋರ್ತುಗಲ್ಲಿನ ಈ ಹುಡುಗ 1577ರಲ್ಲಿ, ಮೀಸೆ ಚಿಗುರುವ ವಯಸ್ಸಿನಲ್ಲಿ, ಜಪಾನ್ ತಲುಪಿದ. ಅಲ್ಲಿಯೇ ಯೇಸುಸಭೆ ಸೇರಿದ. ಜಪಾನೀ ಭಾಷೆ ಎಷ್ಟು ಕರಗತವಾಯಿತೆಂದರೆ ಹಿದೆಯೊಷಿ, ಇಯೆಯಾಸುರಂತಹ ಆಳರಸರ ಮುಂದೆ ಅವರೇ ದುಭಾಷಿಯಾದರು. ಅವರ ಪೋರ್ತುಗೀಸ್ ಬರವಣಿಗೆ ಮಾತ್ರ ಕಡೆಯವರೆಗೂ ಒರಟಾಗಿಯೇ ಉಳಿಯಿತಂತೆ. ಪರಭಾಷೆಗಾಗಿ ತಾಯ್ನುಡಿಯನ್ನೇ ತೆತ್ತರೆನ್ನಬೇಕು.

1604ರಿಂದ 1608ರವರೆಗೆ ನಾಗಸಾಕಿಯಲ್ಲಿ ಅವರ ಜಪಾನೀ ವ್ಯಾಕರಣ ಅಚ್ಚಾಯಿತು. ಇದು ಬರಿಯ ವಿಭಕ್ತಿ-ಕ್ರಿಯಾಪದಗಳ ಪಟ್ಟಿಯಲ್ಲ; ಜಪಾನೀ ಕಾವ್ಯದ ಬಗೆಗಳು, ಪತ್ರಲೇಖನದ ಕ್ರಮ, ಪ್ರಾಂತಪ್ರಾಂತಗಳ ಆಡುನುಡಿ ಎಲ್ಲವೂ ಅದರಲ್ಲಿವೆ. ಆ ಕಾಲದ ಯೇಸುಸಭೆಯ ಪುಸ್ತಕಗಳು ಜಪಾನೀ ಮಾತನ್ನು ರೋಮನ್ ಲಿಪಿಯಲ್ಲಿ ಕಿವಿಗೆ ಕೇಳಿದಂತೆ ಬರೆದಿಟ್ಟವು. ಇಂದಿನ 'ಹೈಕೆ' ಅಲ್ಲಿ 'ಫೈಕೆ'. ಹಳಗನ್ನಡದ 'ಪಾಲು' ನಮ್ಮ ಬಾಯಲ್ಲಿ 'ಹಾಲು' ಆದಂತೆ ಅಲ್ಲಿಯೂ ಉಚ್ಚಾರ ಸವೆದು ಬಂದಿತೆಂಬುದಕ್ಕೆ ವಿದ್ವಾಂಸರಿಗೆ ಈ ಪುಸ್ತಕಗಳು ಸಾಕ್ಷಿ. 1620ರಲ್ಲಿ ಮಕಾವಿನಲ್ಲಿ ಅಚ್ಚಾದ ಸಂಕ್ಷಿಪ್ತ ವ್ಯಾಕರಣದಲ್ಲಿ, ಜಪಾನೀ ಉಪಾಧ್ಯಾಯರಿಂದಲೇ, ಅವರ ಹಳೆಯ ಸಾಹಿತ್ಯದಿಂದಲೇ ಭಾಷೆ ಕಲಿಯಬೇಕೆಂದು ಅವರು ಹೇಳಿದರು.

ಇವೆಲ್ಲ ನೆಮ್ಮದಿಯ ದಿನಗಳ ಬರಹವಲ್ಲ. 1597ರ ಫೆಬ್ರವರಿ 5ರಂದು ನಾಗಸಾಕಿಯಲ್ಲಿ ಇಪ್ಪತ್ತಾರು ಮಂದಿಯನ್ನು ಶಿಲುಬೆಗೇರಿಸಿದಾಗ ರೊಡ್ರಿಗಸ್ ಅಲ್ಲಿದ್ದರು. ಆ ರಕ್ತಸಾಕ್ಷಿಗಳಲ್ಲಿ ನಮ್ಮ ನಾಡಿನ ವಸೈಯವರಾದ ಸಂತ ಗೊನ್ಸಾಲೊ ಗಾರ್ಸಿಯಾ ಒಬ್ಬರು. ಅವರೂ ದುಭಾಷಿಯೇ, ಫ್ರಾನ್ಸಿಸ್ಕನ್ ಸಭೆಯ ಪರವಾಗಿ ಹಿದೆಯೊಷಿಯ ಮುಂದೆ ಮಾತನಾಡಿದವರು. ಒಬ್ಬ ದುಭಾಷಿ ಶಿಲುಬೆಯ ಮೇಲೆ, ಇನ್ನೊಬ್ಬ ಕೆಳಗೆ. ಅವರ ಎರಡು ಸಭೆಗಳ ನಡುವೆ ಅಂದು ಇದ್ದ ವೈಮನಸ್ಯವನ್ನೂ ನಾವು ಮುಚ್ಚಿಡಬೇಕಾಗಿಲ್ಲ.

1610ರಲ್ಲಿ ರೊಡ್ರಿಗಸ್ ಗುರುಗಳನ್ನು ಗಡೀಪಾರು ಮಾಡಲಾಯಿತು. ಮಕಾವಿನಲ್ಲಿ ಕುಳಿತು ಅವರು ಬರೆಯತೊಡಗಿದ್ದು ಜಪಾನಿನ ಧರ್ಮಸಭೆಯ ಚರಿತ್ರೆಯನ್ನು. ಆದರೆ ಲೇಖನಿ ಮೊದಲು ಹರಿದದ್ದು ಆ ಜನರ ಮನೆ, ಚಿತ್ರಕಲೆ, ಅತಿಥಿಸತ್ಕಾರಗಳ ಕಡೆಗೆ. ಚಹಾ ಕೊಡುವ ವಿಧಿಯೊಂದಕ್ಕೇ ಅಧ್ಯಾಯಗಳು ಮೀಸಲು: ಸರಳವಾದ ಪುಟ್ಟ ಕೋಣೆ, ಆಡಂಬರವಿಲ್ಲದ ಪಾತ್ರೆ, ಅತಿಥಿಗಳ ಮೌನ, ಅದರ ಹಿಂದಿರುವ ಝೆನ್ ಏಕಾಂತವಾಸಿಗಳ ಒಲವು. ಬೌದ್ಧ ಸಿದ್ಧಾಂತದ ವಿಷಯ ಬಂದಾಗ ಅವರ ಮಾತು ಕಟುವಾಗುತ್ತದೆ, ನಿಜ. ಆದರೂ ತಮ್ಮನ್ನು ಹೊರಗಟ್ಟಿದ ನಾಡಿನ ಚಹಾ ಬಟ್ಟಲನ್ನು ಅವರು ಅಕ್ಕರೆಯಿಂದಲೇ ಎತ್ತಿಹಿಡಿದರು.

"ಆತ್ಮರಕ್ಷಣೆಗೆ ಇದರಿಂದೇನು ಪ್ರಯೋಜನ?" ಎನ್ನುವವರು ನಮ್ಮಲ್ಲಿ ಇಂದಿಗೂ ಇದ್ದಾರೆ. ನೆರೆಮನೆಯವರ ಹಬ್ಬದ ಹೋಳಿಗೆ ತಿನ್ನುವ ನಾವು ಆ ಹಬ್ಬದ ಅರ್ಥವನ್ನು ಕೇಳಿದ್ದುಂಟೆ? ನಮ್ಮ ಮಕ್ಕಳಿಗೆ ಕನ್ನಡ ಅಂಕಗಳಿಕೆಯ ವಿಷಯ. ವಚನ, ಕೀರ್ತನೆಗಳು 'ಅವರದು'. ಇಟಲಿಯಿಂದ ಮಂಗಳೂರಿಗೆ ಬಂದ ಯೇಸುಸಭೆಯ ಮಫ್ಫೈ ಗುರುಗಳು 1882ರಲ್ಲಿ ಕೊಂಕಣಿ ವ್ಯಾಕರಣವನ್ನೂ ಮರುವರ್ಷ ನಿಘಂಟನ್ನೂ ಪ್ರಕಟಿಸಿದರು. ಅದೇ ಕೊಂಕಣಿಯನ್ನು ಮನೆಯಲ್ಲಾಡಲು ಸಂಕೋಚಪಡುವ ಕುಟುಂಬಗಳನ್ನು ನಾವು ಕಂಡಿದ್ದೇವೆ. ಇದು ನಮಗೆ ನೋವಿನ ವಿಷಯ.

ರೊಡ್ರಿಗಸ್ ಗುರುಗಳು 1633ರಲ್ಲಿ ಮಕಾವಿನಲ್ಲಿ ತೀರಿಕೊಂಡರು, ಚರಿತ್ರೆ ಮುಗಿಯಲಿಲ್ಲ. ಜಪಾನಿನಲ್ಲಿ 1614ರ ನಿಷೇಧಾಜ್ಞೆಯ ಬಳಿಕ ದೇವಾಲಯಗಳು ಉರುಳಿದ್ದವು, ಗುರುಗಳು ದೇಶಭ್ರಷ್ಟರಾಗಿದ್ದರು. ವ್ಯಾಕರಣ ಉಳಿದುಕೊಂಡಿತು. 1955ರಲ್ಲಿ ಅದನ್ನು ಜಪಾನೀ ಭಾಷೆಗೆ ತಂದವರು ಜಪಾನಿನವರೇ ಆದ ವಿದ್ವಾಂಸ ದೊಯ್ ತದಾವೊ.